ಅಟ್ಟದ ಮೇಲಿನ ಬ್ರಹ್ಮಾಂಡ

ನಮ್ಮ ಸೀಮೆಯವರಿಗೆ ಒಂದು ಚಾಳಿ ಇದೆ. ಕೈಗೆ ಏನೇ ಸಿಗಲಿ, ಮೊದಲು ಅದನ್ನು ಕಿವಿಯ ಹತ್ತಿರ ಹಿಡಿದು ಕುಲುಕುತ್ತೇವೆ. ಬೆಂಕಿಪೊಟ್ಟಣ, ಔಷಧಿ ಸೀಸೆ, ಹಾಡು ನಿಲ್ಲಿಸಿದ ಟ್ರಾನ್ಸಿಸ್ಟರು, ಮದುವೆಮನೆಯಲ್ಲಿ ಬಂದ ಉಡುಗೊರೆಯ ಡಬ್ಬಿ, ಯಾವುದನ್ನೂ ಬಿಡುವುದಿಲ್ಲ. ನಾನು ಕನ್ನಡ ಪಾಠ ಹೇಳುವ ಚಿಕ್ಕನಾಯಕನಹಳ್ಳಿಯ ಹೈಸ್ಕೂಲಿಗೆ ಒಂದು ಸಲ ಹೊಸ ಗ್ಲೋಬು ಬಂತು. ಹೆಡ್ ಮಾಸ್ಟರು ಅದನ್ನು ಪೆಟ್ಟಿಗೆಯಿಂದ ಹೊರತೆಗೆದರು, ಇಡೀ ಭೂಮಂಡಲವನ್ನು ಎರಡೂ ಕೈಯಲ್ಲಿ ಹಿಡಿದು ಕಿವಿಗಿಟ್ಟು ಒಂದೆರಡು ಸಲ ಕುಲುಕಿ, ಆಮೇಲೆ ಗಂಭೀರವಾಗಿ ಮೇಜಿನ ಮೇಲಿಟ್ಟರು. ಮೈಸೂರಿನಿಂದ ವರ್ಗವಾಗಿ ಬಂದಿದ್ದ ವಿಜ್ಞಾನದ ಮೇಷ್ಟ್ರು ಬಾಯಿ ಬಿಟ್ಟುಕೊಂಡು ನೋಡಿದರು. ನನಗೆ ಮಾತ್ರ ಏನೂ ವಿಚಿತ್ರ ಅನ್ನಿಸಲಿಲ್ಲ. ಹೆಡ್ ಮಾಸ್ಟರು ತಿಪಟೂರಿನವರು. ಒಳಗೆ ಆಗಿದೆಯೋ ಇಲ್ಲವೋ ನೋಡದೆ ಏನನ್ನಾದರೂ ಹೇಗೆ ನಂಬುವುದು?

ನಿಮ್ಮದು ಭತ್ತದ ಸೀಮೆಯೋ ಕಬ್ಬಿನ ಸೀಮೆಯೋ ಆದರೆ ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ತೆಂಗಿನಕಾಯಿಯನ್ನು ಕಿತ್ತ ಕೂಡಲೇ ಒಡೆದು, ಬಿಸಿಲಿಗೆ ಹರಡಿ ಕೊಬ್ಬರಿ ಮಾಡುವ ಜನರೂ ಲೋಕದಲ್ಲಿದ್ದಾರಂತೆ. ಅವರ ಮೇಲೆ ನಮಗೇನೂ ದ್ವೇಷವಿಲ್ಲ, ಸ್ವಲ್ಪ ಕನಿಕರ ಅಷ್ಟೆ. ನಮ್ಮದು ಉಂಡೆ ಕೊಬ್ಬರಿ. ಬಲಿತ ಕಾಯನ್ನು ಮಟ್ಟೆಯ ಸಮೇತ ಅಟ್ಟಕ್ಕೆ ಹಾಕಿಬಿಡುತ್ತೇವೆ. ಕೆಳಗೆ ಅಡಿಗೆಮನೆಯ ಹೊಗೆ, ಮೇಲೆ ಹೆಂಚಿನ ಬಿಸಿ, ನಡುವೆ ಕತ್ತಲಲ್ಲಿ ಕಾಯಿ. ಹೆಚ್ಚುಕಡಿಮೆ ಒಂದು ವರ್ಷ ಅದು ಅಲ್ಲೇ ಬಿದ್ದಿರುತ್ತದೆ. ಒಳಗಿನ ನೀರು ತಾನಾಗಿ ಇಂಗಬೇಕು, ಕಾಯಿ ತಾನಾಗಿ ಚಿಪ್ಪು ಬಿಡಬೇಕು. ಆಮೇಲೆ ಮಟ್ಟೆ ಸುಲಿದು ಚಿಪ್ಪು ಒಡೆದರೆ ಇಡೀ ಕೊಬ್ಬರಿ ಗಿಟುಕು ಚೆಂಡಿನ ಹಾಗೆ ಹೊರಗೆ ಬರುತ್ತದೆ. ಒಂದು ತಿಂಗಳು ಮೊದಲೇ ಆತುರಪಟ್ಟು ಒಡೆದಿರೋ, ಚಿಪ್ಪಿಗೆ ಅಂಟಿಕೊಂಡ ಚೂರುಗಳು ಸಿಗುತ್ತವೆ, ವರ್ಷದ ಶ್ರಮ ಸಾರಿಗೆ ಹೋಯಿತು.

ಆಗಿದೆಯೋ ಇಲ್ಲವೋ ತಿಳಿಯಲು ಇರುವ ದಾರಿ ಒಂದೇ, ಕುಲುಕಿ ಕೇಳುವುದು. ಕಾಯಿ ಮೊದಮೊದಲು ಗುಳುಗುಳು ಅನ್ನುತ್ತದೆ, ಅದು ನೀರು. ಕೊನೆಗೆ ಲೊಡಲೊಡ ಅನ್ನುತ್ತದೆ, ಅದು ಗಿಟುಕು. ಈ ಎರಡರ ನಡುವೆ ಒಂದು ಕಾಲವಿದೆ. ನೀರು ಇಂಗಿದೆ, ಕಾಯಿ ಇನ್ನೂ ಚಿಪ್ಪು ಬಿಟ್ಟಿಲ್ಲ. ಆಗ ಎಷ್ಟು ಕುಲುಕಿದರೂ ಸದ್ದೇ ಇಲ್ಲ. ನನ್ನ ಹೆಂಡತಿ ಸರೋಜ ಮಂಡ್ಯದ ಕಡೆಯವಳು. ಮದುವೆಯಾಗಿ ಬಂದ ಹೊಸತರಲ್ಲಿ ಇಂಥ ಒಂದು ಕಾಯನ್ನು ಕುಲುಕಿ ನೋಡಿ, "ಅತ್ತೆ, ಇದು ಸತ್ತೋಗದೆ" ಎಂದು ಎಸೆಯಲು ಹೊರಟಿದ್ದಳು. ನಮ್ಮವ್ವ ಎದೆ ಎದೆ ಬಡಿದುಕೊಂಡು ಕಸಿದುಕೊಂಡಳು.

ಅಟ್ಟ ಅವ್ವನ ರಾಜ್ಯ. ವಾರಕ್ಕೊಂದು ಸಲ ಏಣಿ ಹತ್ತಿ, ಒಂದು ಕಾಯಿ ಆರಿಸಿ, ಕಣ್ಣು ಮುಚ್ಚಿ ಕುಲುಕಿ, ತೀರ್ಪು ಕೊಡುತ್ತಿದ್ದಳು: "ಇನ್ನಾ ಆಗಿಲ್ಲ ಬುಡು." ಅದೇ ಮಾತು, ಅದೇ ರಾಗ. ನನ್ನ ಬಾಲ್ಯವೆಲ್ಲ ಆ ಮಾತಿನ ಕೆಳಗೇ ಕಳೆಯಿತು. ಹೊಸ ಅಂಗಿ, ಸೋರುವ ಮಾಳಿಗೆಯ ರಿಪೇರಿ, ಚಿಕ್ಕಪ್ಪನ ಮಗಳ ಮದುವೆ, ಅಜ್ಜನ ಹಲ್ಲುಸೆಟ್ಟು, ಎಲ್ಲಕ್ಕೂ ಒಂದೇ ಮುಹೂರ್ತ, 'ಕೊಬ್ಬರಿ ಆದ ಮೇಲೆ'. ಪಂಚಾಂಗ ನಮಗೆ ಬರೀ ಗೋಡೆಯ ಅಲಂಕಾರ.

ಈಗ ನನ್ನ ಮಗಳು ಪುಟ್ಟಿಯ ವಿಷಯಕ್ಕೆ ಬರುತ್ತೇನೆ. ಪುಟ್ಟಿ ಹುಟ್ಟಿದ ವರ್ಷ ಗುಳುಗುಳು ಅಂತ ಏನೇನೋ ಹೇಳುತ್ತಿದ್ದಳು. ನಾವೂ ಅದಕ್ಕೆ ಅರ್ಥ ಹಚ್ಚಿ ಹಿಗ್ಗುತ್ತಿದ್ದೆವು. ಆಮೇಲೆ ಏನಾಯಿತೋ, ಸುಮ್ಮನಾಗಿಬಿಟ್ಟಳು. ನಡೆದಳು, ಓಡಿದಳು, ಬೆಕ್ಕಿನ ಬಾಲ ಹಿಡಿದು ಎಳೆದಳು, ಬೇಕಾದ್ದನ್ನು ಬೆರಳು ತೋರಿಸಿ ತರಿಸಿಕೊಂಡಳು. ಮಾತು ಮಾತ್ರ ಒಂದೂ ಇಲ್ಲ. ಎರಡು ತುಂಬಿತು, ಮೂರೂ ತುಂಬಿತು. ಅವ್ವ ಬಜೆ ತೇಯ್ದು ಜೇನಿನಲ್ಲಿ ಕಲಸಿ ನಾಲಿಗೆಗೆ ಸವರಿದಳು. ಕಂದಿಕೆರೆಯಲ್ಲಿರುವ ನಮ್ಮ ದೊಡ್ಡಮ್ಮ, ಮಾತು ಬಂದರೆ ದೇವಿಗೆ ಗಂಟೆ ಕಟ್ಟಿಸುತ್ತೇನೆ ಎಂದು ಹರಕೆ ಹೊತ್ತಳು. ಪೇಟೆಯ ಡಾಕ್ಟರು ಬೆನ್ನ ಹಿಂದೆ ನಿಂತು ಚಪ್ಪಾಳೆ ತಟ್ಟಿದರು, ಪುಟ್ಟಿ ತಿರುಗಿ ನೋಡಿ ತಾನೂ ಚಪ್ಪಾಳೆ ತಟ್ಟಿದಳು. "ಕಿವಿ ಚೆನ್ನಾಗಿದೆ. ಯಾವುದಕ್ಕೂ ಬೆಂಗಳೂರಿನ ದೊಡ್ಡ ಡಾಕ್ಟರಿಗೆ ಒಂದು ಸಲ ತೋರಿಸಿಬಿಡಿ" ಅಂದರು. ತೋರಿಸೋಣ ಎಂದು ತೀರ್ಮಾನವೂ ಆಯಿತು. ಯಾವಾಗ? ಕೊಬ್ಬರಿ ಆದ ಮೇಲೆ.

ಊರವರು ಧೈರ್ಯ ಹೇಳುವ ನೆಪದಲ್ಲಿ ಹೇಳಬಾರದ್ದನ್ನೆಲ್ಲ ಹೇಳುತ್ತಿದ್ದರು. ಸರೋಜ ನೀರು ಸೇದಲು ಬಾವಿಗೆ ಹೋದವಳು ಅರ್ಧ ಕೊಡ ತುಂಬಿಸಿಕೊಂಡು ಬೇಗ ವಾಪಸ್ಸು ಬರತೊಡಗಿದಳು. ನನಗೂ ಭಯವಾಗಿತ್ತು. ಮಾತನ್ನೇ ಮಾರಿ ಬದುಕುವವನು ನಾನು. ನನ್ನ ಮನೆಯಲ್ಲೇ ಅದಕ್ಕೆ ಬರ ಬಂದರೆ ಹೇಗೆ? ಒಂದು ಭಾನುವಾರ ಬೆಳಿಗ್ಗೆ ಪುಟ್ಟಿಯನ್ನು ಎತ್ತಿಕೊಂಡಿದ್ದೆ. ಏನೋ ಯೋಚನೆಯಲ್ಲಿ ಅವಳನ್ನು ನನ್ನ ಕಿವಿಯ ಮಟ್ಟಕ್ಕೆ ಎತ್ತಿ, ಕತ್ತು ವಾಲಿಸಿ, ಮೆಲ್ಲಗೆ ಕುಲುಕಿದೆ.

"ಏನ್ರೀ ಅದು, ಏನ್ ಮಾಡ್ತಾ ಇದೀರಿ?" ಎಂದಳು ಸರೋಜ ಬಾಗಿಲಲ್ಲಿ ನಿಂತು.

"ಆಟ ಆಡಿಸ್ತಾ ಇದೀನಿ ಕಣೇ."

ಅವಳು ನಂಬಲಿಲ್ಲ. ಅವಳೂ ಆ ಮನೆಗೆ ಬಂದು ಐದಾರು ವರ್ಷವಾಗಿತ್ತು, ಕುಲುಕುವ ಕೈ ಯಾವುದು, ಆಡಿಸುವ ಕೈ ಯಾವುದು ಅಂತ ಗೊತ್ತಿತ್ತು. ಪುಟ್ಟಿ ಮಾತ್ರ ಕಿಲಕಿಲ ನಕ್ಕಳು. ನಗುವಿಗೆ ಬೇಕಾದಷ್ಟು ಸದ್ದು ಅವಳಲ್ಲಿತ್ತು.

ಆ ವರ್ಷ ಗಣೇಶನ ಹಬ್ಬಕ್ಕೆ ಶೆಟ್ಟಿಕೆರೆಯ ಹುಡುಗರು ಬಂದು, "ಮೇಷ್ಟ್ರೇ, ಸೃಷ್ಟಿ ಹೆಂಗಾಯ್ತು ಅಂತ ಒಂದು ಭಾಷಣ ಮಾಡ್ಬೇಕು, ಆಮೇಲೆ ಹರಿಕಥೆ ಐತೆ, ಜಾಸ್ತಿ ಎಳೀಬೇಡಿ" ಅಂದರು. ಸೃಷ್ಟಿಯ ಕಥೆಯನ್ನು ಹರಿಕಥೆಗೆ ಮುಂಚೆ ಮುಗಿಸಬೇಕು! ಆದರೂ ಒಪ್ಪಿಕೊಂಡೆ. ಭಾಷಣಕ್ಕೆ ಕರೆದರೆ ನನಗೆ ಬೇಡ ಅನ್ನಲು ಬರುವುದಿಲ್ಲ. ಸ್ಕೂಲಿನ ಬೀರುವಿನಿಂದ ದಪ್ಪ ದಪ್ಪ ಪುಸ್ತಕ ಹೊತ್ತು ತಂದೆ.

ನಮ್ಮ ಹಿರಿಯರು ಸೃಷ್ಟಿಗೆ ಒಂದೇ ಕಥೆ ಹೇಳಿ ಸುಮ್ಮನಾದವರಲ್ಲ. ವಿಷ್ಣುವಿನ ಹೊಕ್ಕುಳಿನ ತಾವರೆಯಲ್ಲಿ ಬ್ರಹ್ಮ ಹುಟ್ಟಿದ ಅಂತ ಒಂದು ಕಡೆ. ಆದಿಪುರುಷನ ಮೈಯನ್ನೇ ಯಜ್ಞಕ್ಕೆ ಕೊಟ್ಟರು, ಅದರಿಂದ ಲೋಕ ಆಯಿತು ಅಂತ ಇನ್ನೊಂದು ಕಡೆ. ಇದೆಲ್ಲ ಯಾರಿಗೆ ಗೊತ್ತು, ಬಹುಶಃ ದೇವರಿಗೂ ಗೊತ್ತಿಲ್ಲ ಅಂತ ಕೈಮುಗಿದ ಧೀರರೂ ಇದ್ದಾರೆ. ನನಗೆ ಹಿಡಿಸಿದ್ದು ಹಿರಣ್ಯಗರ್ಭದ ಕಥೆ. ಮೊದಲು ಬರೀ ನೀರಿತ್ತು. ನೀರಿಗೇ ಒಂದು ಆಸೆ ಹುಟ್ಟಿತು, ನಾವು ಬೆಳೆಯಬೇಕಲ್ಲ, ಹೇಗೆ? ಹಾಗೆ ಆಸೆಪಟ್ಟು ತಪಸ್ಸು ಮಾಡಿದ ನೀರಿನಲ್ಲಿ ಒಂದು ಬಂಗಾರದ ಅಂಡ ಮೂಡಿತು. ಒಂದು ವರ್ಷ ಅದು ಸುಮ್ಮನೆ ತೇಲಿತು. ವರ್ಷ ತುಂಬಿದ ಮೇಲೆ ಒಳಗಿನಿಂದ ಪ್ರಜಾಪತಿ ಬಂದ. ಬಂದು ನಿಲ್ಲಲು ನೆಲ ಎಲ್ಲಿದೆ? ಆ ಅಂಡದ ಚಿಪ್ಪಿನಲ್ಲೇ ಇನ್ನೊಂದು ವರ್ಷ ತೇಲಿದ. ಆಮೇಲೆ ಅವನಿಗೆ ಮಾತಾಡಬೇಕು ಅನ್ನಿಸಿತು. ಒಂದು ಮಾತು ಆಡಿದ, ಭೂಮಿ ಆಯಿತು. ಇನ್ನೊಂದು ಆಡಿದ, ಅಂತರಿಕ್ಷ ಆಯಿತು. ಮತ್ತೊಂದಕ್ಕೆ ಆಕಾಶ.

ಇಲ್ಲಿಯವರೆಗೆ ಖುಷಿಯಾಗಿ ಟಿಪ್ಪಣಿ ಮಾಡಿಕೊಂಡು ಬಂದೆ. ಮುಂದೆ ಕಥೆ ಹೇಳಿದ ಋಷಿ ತನ್ನ ಪಾಡಿಗೆ ಒಂದು ಮಾತು ಸೇರಿಸಿದ್ದ. ಪ್ರಜಾಪತಿ ವರ್ಷ ತುಂಬಿ ಮಾತಾಡಿದನಲ್ಲ, ಅದಕ್ಕೇ ಲೋಕದ ಮಕ್ಕಳೂ ವರ್ಷ ತುಂಬುತ್ತಲೇ ಮಾತಾಡಲು ಹೊರಡುತ್ತವೆ ಅಂತ. ಪುಸ್ತಕ ಮುಚ್ಚಿಬಿಟ್ಟೆ. ಸಾವಿರಾರು ವರ್ಷದ ಆಚೆ ಕೂತ ಆ ಪುಣ್ಯಾತ್ಮನ ಮೇಲೆ ನನಗೆ ಬಂದ ಕೋಪ ಇಷ್ಟಲ್ಲ. ಅವನ ಮನೆಯಲ್ಲಿ ಮಕ್ಕಳೆಲ್ಲ ಹೊತ್ತಿಗೆ ಸರಿಯಾಗಿ ಮಾತಾಡಿರಬೇಕು. ಹಾಗಂತ ಬರೆದಿಟ್ಟು ಹೋಗುವುದೇ?

ಶೆಟ್ಟಿಕೆರೆಯಲ್ಲಿ ಆ ಒಂದು ಮಾತು ಬಿಟ್ಟು ಉಳಿದದ್ದೆಲ್ಲ ಹೇಳಿದೆ. ಭಾಷಣ ಚೆನ್ನಾಗಿಯೇ ಆಯಿತು. ಕೊನೆಯಲ್ಲಿ ಮುಂದೆ ಕೂತಿದ್ದ ಒಬ್ಬ ಯಜಮಾನರು ಎದ್ದು, "ಎಲ್ಲಾ ಸರಿ ಮೇಷ್ಟ್ರೇ, ಬರೀ ನೀರಿತ್ತು ಅಂತೀರಿ, ಮೊಟ್ಟೆ ಇಕ್ಕಿದ ಕೋಳಿ ಎಲ್ಲಿ ನಿಂತಿತ್ತು?" ಎಂದರು. ನಾನು ಉತ್ತರ ಹುಡುಕುವಷ್ಟರಲ್ಲಿ ಹಿಂದಿನಿಂದ ಯಾರೋ, "ಬಾತುಕೋಳಿ ಕಣಣ್ಣೋ" ಅಂದರು. ಜನ ಹೋ ಎಂದು ನಕ್ಕು, ಹರಿಕಥೆಗೆ ಜಾಗ ಮಾಡಿಕೊಟ್ಟರು.

ಮನೆಯಲ್ಲಿ ಇನ್ನೂ ದೊಡ್ಡ ವಿಮರ್ಶೆ ಕಾದಿತ್ತು. ಮಾರನೆಯ ದಿನ ಅವ್ವ ಅಲಸಂದೆಕಾಯಿ ಸುಲಿಯುತ್ತಾ, "ಅದೇನು ಹೇಳ್ದೆ ಅಂತ ನಮ್ಗೂ ಒಂದಿಷ್ಟು ಹೇಳು" ಅಂದಳು. ಹೇಳಿದೆ. ಎಲ್ಲ ಕೇಳಿ, ಸುಲಿಯುವುದನ್ನು ನಿಲ್ಲಿಸಿ, "ಅದು ಮೊಟ್ಟೆ ಅಲ್ಲ ಕಣ್ಲಾ" ಅಂದಳು.

"ಮತ್ತೆ?"

"ಮೊಟ್ಟೆ ಆಗಿದ್ರೆ ಮೂರು ವಾರಕ್ಕೆ ಮರಿ ಆಗೋದು. ವರ್ಸ ಇತ್ತು ಅಂತೀಯ. ಅದೂ ಅಲ್ದೆ ಚೆಂದಾಗಿರೋ ಮೊಟ್ಟೆ ನೀರಾಗೆ ಮುಳುಗ್ತದೆ. ತೇಲ್ತು ಅಂದ್ರೆ ಕೆಟ್ಟೋಗೈತೆ ಅಂತ ಅರ್ಥ. ಕೆಟ್ಟ ಮೊಟ್ಟೆಯಿಂದ ದೇವ್ರು ಬತ್ತಾನಾ? ತೇಲೋದು ಕಾಯಿ. ವರ್ಸ ಕಾಯೋದು ಕಾಯಿ. ಚಿಪ್ಪು ಅಂತ ನೀನೇ ಬಾಯಿ ಬಿಟ್ಟು ಹೇಳ್ದೆ. ಇನ್ನೇನು ಬೇಕು?"

ಎಷ್ಟೋ ಭಾಷ್ಯಗಳನ್ನು ಓದಿದ್ದೇನೆ, ಇಷ್ಟು ಗಟ್ಟಿಯಾಗಿ ವಾದ ಹೂಡಿದ್ದನ್ನು ನೋಡಿಲ್ಲ. ಬೋರನಕಣಿವೆ ಜಲಾಶಯ ತುಂಬಿದ ವರ್ಷ ಅಲ್ಲಿ ಏರಿಯ ಮೇಲೆ ನಿಂತು ನೋಡಿದ್ದು ನೆನಪಾಯಿತು. ಕಣ್ಣು ಹರಿಯುವವರೆಗೂ ನೀರು, ಅದರ ನಡುವೆ ಯಾರದೋ ತೋಟದಿಂದ ಬಂದ ಒಂದೇ ಒಂದು ಕಾಯಿ, ಯಾವ ಅವಸರವೂ ಇಲ್ಲದೆ ಮೇಲೆ ಕೆಳಗೆ ಆಡುತ್ತಿತ್ತು. ಸಂಜೆ ಬಿಸಿಲಿಗೆ ಬಂಗಾರದ ಬಣ್ಣವೂ ಇತ್ತು ಅಂತ ಹೇಳಲು ಆಸೆಯಾಗುತ್ತದೆ. ಮೋಡವಿತ್ತು, ಇರಲಿ.

ಅವ್ವ ಕೇಳಿದಳು, "ಆ ಸಾಮಿ ಹೊರಗೆ ಬಂದೇಟ್ಗೆ ಮಾತಾಡಿದ್ನಾ?"

"ಇಲ್ಲ. ಇನ್ನೊಂದು ವರ್ಷ ಸುಮ್ಮನೆ ತೇಲಿದ."

"ನೋಡು ಮತ್ತೆ!" ಅವ್ವನ ಮುಖ ಅರಳಿತು. "ದೇವ್ರಿಗೇ ಎರಡು ವರ್ಸ ಹಿಡೀತು ಕಣವ್ವ ಸರೋಜ!"

ಸರೋಜ ಒಲೆಯ ಮುಂದೆ ಕೂತಿದ್ದಳು. ತಿರುಗದೆಯೇ, "ನಮ್ಮವಳಿಗೆ ಮೂರು ದಾಟ್ತು ಅತ್ತೆ" ಅಂದಳು.

ಅವ್ವ ಎದ್ದು, ವಾರದ ದಿನವಲ್ಲದಿದ್ದರೂ, ಏಣಿ ಹತ್ತಿ ಅಟ್ಟಕ್ಕೆ ಹೋದಳು. ಏಣಿಯ ಬುಡದಲ್ಲಿ ಪುಟ್ಟಿ ಕೂತಿದ್ದಳು, ಯಾವಾಗಲೂ ಕೂರುವ ಜಾಗ ಅದು. ಮೇಲಿಂದ ಒಂದಿಷ್ಟು ಹೊತ್ತು ಕಾಯಿ ಉರುಳಿಸುವ ಸದ್ದು ಬಂತು. "ಇನ್ನಾ ಆಗಿಲ್ಲ ಬುಡು" ಅನ್ನುವ ಮಾತು ಆವತ್ತು ತುಂಬ ಮೆಲ್ಲಗೆ ಕೇಳಿಸಿತು.

ಆಮೇಲೆ ಎಷ್ಟೋ ದಿನ ನಾನು ಆ ಕಥೆಯನ್ನೇ ಮೆಲುಕು ಹಾಕಿದೆ. ಸರ್ವಶಕ್ತನಾದ ದೇವರಿಗೆ ಒಂದು ವರ್ಷ ಯಾಕೆ ಬೇಕು? ಚಿಟಿಕೆ ಹೊಡೆದು ಲೋಕ ಮಾಡಬಹುದಿತ್ತಲ್ಲ. ಪಂಡಿತರು ಹೇಳುವುದೇನೆಂದರೆ, ನೀರು ಅಂದರೆ ಇನ್ನೂ ರೂಪ ಕಾಣದ ಎಲ್ಲವೂ, ಅಂಡ ಅಂದರೆ ಅದಕ್ಕೆ ಬಂದ ಮೊದಲ ಎಲ್ಲೆ, ವರ್ಷ ಅಂದರೆ ಕಾಲ. ಕಾಲವನ್ನು ಬಿಟ್ಟು ಯಾವುದೂ ರೂಪಕ್ಕೆ ಬರುವುದಿಲ್ಲ, ದೇವರೂ ಬರುವುದಿಲ್ಲ. ಸರಿಯಾದ ಮಾತೇ. ಆದರೆ ಈ ಪಂಡಿತರ ಪೈಕಿ ಯಾರೂ ಅಟ್ಟ ಹತ್ತಿದವರಲ್ಲ ಅಂತ ನನಗೆ ಗುಮಾನಿ. ಅಟ್ಟ ಹತ್ತಿದವನಿಗೆ ಗೊತ್ತಿರುವ ಕಷ್ಟವೇ ಬೇರೆ. ಆ ಒಂದು ವರ್ಷ ಹೊರಗಿದ್ದವನು ಮಾಡಬಹುದಾದ ಕೆಲಸವೇ ಇಲ್ಲ. ಕಾಯಿ ಒಳಗೆ ಏನೋ ಮಾಡಿಕೊಳ್ಳುತ್ತಿದೆ. ನೀರು ಎಲ್ಲಿಗೆ ಹೋಯಿತು ಅಂತ ವಿಜ್ಞಾನದ ಮೇಷ್ಟ್ರನ್ನು ಕೇಳಿದರೆ, ಚಿಪ್ಪಿನ ಕಣ್ಣಿನಿಂದ ಆವಿಯಾಯಿತು ಅನ್ನುತ್ತಾರೆ. ಇರಬಹುದು. ನನಗೇನೋ ಕಾಯೇ ಅದನ್ನು ಕುಡಿದು, ಅರಗಿಸಿಕೊಂಡು, ಸಿಹಿ ಮಾಡಿಕೊಂಡಿತು ಅನ್ನಿಸುತ್ತದೆ. ಪ್ರಜಾಪತಿಯ ಕಥೆಯಲ್ಲಿ ನನಗೆ ಕನಿಕರ ಬರುವುದು ಹೊರಗೆ ಕಾದ ಆ ನೀರಿನ ಮೇಲೆ. ಆಸೆಪಟ್ಟದ್ದು ಅದು, ಹೊತ್ತದ್ದು ಅದು. ವರ್ಷಗಟ್ಟಲೆ ಒಳಗಿನಿಂದ ಒಂದು ಸದ್ದೂ ಇಲ್ಲ. ಪಾಪ, ಅದು ಎಷ್ಟು ಸಲ ಕುಲುಕಿ ನೋಡಿತೋ. ಅಲೆ ಅನ್ನುವುದು ಹುಟ್ಟಿದ್ದೇ ಹಾಗೆ ಇರಬೇಕು.

ಶಿವರಾತ್ರಿ ಕಳೆದು ಬಿಸಿಲು ಏರಿತು. ತಿಪಟೂರಿನ ಮಂಡಿಗೆ ಕೊಬ್ಬರಿ ಸೇರಿಸುವ ಖಾದರ್ ಸಾಬರು ನಮ್ಮ ಜಗಲಿಗೆ ಬಂದು ಕೂತರು. ಪ್ರತಿ ವರ್ಷ ನಮ್ಮ ಕೊಬ್ಬರಿ ಅವರಿಗೇ. ಅವ್ವ ಹಿಂದಿನ ವಾರ ಏಣಿಯಲ್ಲಿ ಕಾಲು ಉಳುಕಿಸಿಕೊಂಡು, ಅರಿಶಿನದ ಪಟ್ಟು ಹಾಕಿಕೊಂಡು, ಗೋಡೆಗೆ ಒರಗಿ ಕೂತಿದ್ದಳು. ತೊಡೆಯ ಮೇಲೆ ಪುಟ್ಟಿ. ಹೀಗಾಗಿ ಅಟ್ಟ ಹತ್ತುವ ಅಧಿಕಾರ ಮೊದಲ ಸಲ ನನಗೆ ಬಂತು. ನನಗೆ ಅವಸರವಿತ್ತು, ಬಚ್ಚಿಡುವುದೇನು? ಇವತ್ತು ಆಗಿದೆ ಅಂದರೆ ಬರುವ ವಾರವೇ ಒಡೆಸಿ, ಮಗುವನ್ನು ಬೆಂಗಳೂರಿಗೆ ಕರೆದೊಯ್ಯಬಹುದು. ಸರೋಜ ಆಗಲೇ ಪುಟ್ಟಿಯ ಒಳ್ಳೆಯ ಲಂಗ ಒಗೆದು ಮಡಿಸಿಟ್ಟಿದ್ದಳು.

ಒಂದು ಸಣ್ಣ ಕಾಯಿ ಆರಿಸಿ ಕೆಳಗೆ ತಂದೆ. ಕುಲುಕಿದೆ. ಏನೋ ಕೇಳಿದ ಹಾಗೆ ಆಯಿತು. ಆಸೆಯ ಕಿವಿಗೆ ಏನು ಬೇಕಾದರೂ ಕೇಳುತ್ತದೆ ಅಂತ ಸಾಬರ ಕೈಗೆ ಕೊಟ್ಟೆ. ಅವರು ಕುಲುಕಿ, ತಲೆ ಓರೆ ಮಾಡಿ, "ಆಗೈತೆ ಮೇಷ್ಟ್ರೇ, ಒಡ್ಸಿ" ಎಂದರು. ಹಾಗೆಂದು ಕಾಯನ್ನು ಅವ್ವನ ಕಡೆ ಚಾಚಿದರು. ಅವಳು ಹೇಳದೆ ಆ ಮನೆಯಲ್ಲಿ ಕಾಯಿ ಒಡೆಯುವುದಿಲ್ಲ ಅಂತ ಅವರಿಗೂ ಗೊತ್ತು.

ಅವ್ವ ಕಣ್ಣು ಮುಚ್ಚಿ ಕುಲುಕಿದಳು. ಇನ್ನೊಮ್ಮೆ ಕುಲುಕಿದಳು. ಕಣ್ಣು ಬಿಟ್ಟಾಗ ಬಾಗಿಲಲ್ಲಿ ಸರೋಜ ನಿಂತಿದ್ದಳು, ಸೆರಗಿನ ತುದಿ ಬೆರಳಿಗೆ ಸುತ್ತಿಕೊಂಡು. ಅವ್ವ ಅವಳ ಮುಖವನ್ನು ಒಂದು ಗಳಿಗೆ ನೋಡಿದಳು.

"ಆಗೈತೆ ಕಣ್ಲಾ. ಒಡ್ಸು" ಅಂದಳು.

ಆ ದನಿ ನನಗೆ ಸರಿ ಬರಲಿಲ್ಲ. ಅಷ್ಟು ವರ್ಷ ಕೇಳಿದ್ದೇನೆ, ಆಗಿದ್ದ ಕಾಯಿಗೆ ಅವ್ವ ಹೇಳುವ 'ಆಗೈತೆ' ಬೇರೆ, ಅದರಲ್ಲಿ ಗೆದ್ದ ಸದ್ದಿರುತ್ತದೆ. ನಾನು ಬಾಯಿ ತೆರೆಯುವ ಮೊದಲು ಪುಟ್ಟಿ ಅಜ್ಜಿಯ ತೊಡೆಯ ಮೇಲೆ ನೆಟ್ಟಗೆ ಕೂತಳು. ಕಾಯನ್ನು ಎರಡೂ ತೋಳಿನಲ್ಲಿ ಅಪ್ಪಿ ಹಿಡಿದಳು. ಕಿವಿಗೆ ಒತ್ತಿಕೊಂಡಳು. ಕಣ್ಣು ಮುಚ್ಚಿದಳು. ಕುಲುಕಿದಳು.

"ಇನ್ನಾ ಆಗಿಲ್ಲ ಬುಡು" ಅಂದಳು.

ಅದೇ ಮಾತು, ಅದೇ ರಾಗ, ಕೊನೆಯಲ್ಲಿ ಅದೇ ಬೇಸರ. ತೊದಲಿಲ್ಲ, ಅಳುಕಿಲ್ಲ. ಅಪ್ಪ ಇಲ್ಲ, ಅಮ್ಮ ಇಲ್ಲ, ನೇರ ತೀರ್ಪು! ಸರೋಜ ಹೊಸಿಲು ದಾಟಿ ಓಡಿ ಬಂದು ಮಗುವನ್ನೂ ಕಾಯನ್ನೂ ಒಟ್ಟಿಗೆ ಬಾಚಿಕೊಂಡು ಅತ್ತಳು. ಅವ್ವ ಅಳುತ್ತಿದ್ದಳೋ ನಗುತ್ತಿದ್ದಳೋ ಹೇಳುವುದು ಕಷ್ಟ, "ಹೂಂ ಕಣವ್ವ, ಆಗಿಲ್ಲ, ಆಗಿಲ್ಲ" ಅಂತ ಅಷ್ಟೇ ಹೇಳುತ್ತಿದ್ದಳು. ಖಾದರ್ ಸಾಬರು ಟೋಪಿ ತೆಗೆದು ಕಣ್ಣೊರೆಸಿಕೊಂಡು ಎದ್ದರು.

"ನನ್ನ ಕಿವಿ ಪ್ರಕಾರ ಆಗಿತ್ತು ಮೇಷ್ಟ್ರೇ. ಆದ್ರೆ ಹೇಳೋರು ಹೇಳಿದ್ಮೇಲೆ ಮುಗೀತು. ಬರೋ ತಿಂಗಳು ಬತ್ತೀನಿ" ಎಂದು ಹೊರಟೇಬಿಟ್ಟರು. ನಾನು? ನಾನು ಕನ್ನಡದ ಮೇಷ್ಟ್ರು. ನನ್ನ ಬಾಯಿಂದ ಆವತ್ತು ಸಂಜೆಯವರೆಗೆ ಸರಿಯಾದ ಒಂದು ವಾಕ್ಯ ಹೊರಡಲಿಲ್ಲ.

ಮುಂದಿನ ತಿಂಗಳು ಅಟ್ಟದ ಕಾಯಿ ಎಲ್ಲ ಒಡೆಸಿದೆವು, ಒಂದೊಂದೂ ಉಂಡೆಯಾಗಿ ಬಂತು. ದೊಡ್ಡಮ್ಮನ ಹರಕೆಯ ಗಂಟೆ ಕಟ್ಟಿಸಿದೆವು. ಬೆಂಗಳೂರಿಗೂ ಹೋದೆವು. ಅಷ್ಟು ಹೊತ್ತಿಗೆ ಪುಟ್ಟಿ ಬಸ್ಸಿನುದ್ದಕ್ಕೂ ಮಾತಾಡಿ ಕಂಡಕ್ಟರನ ತಲೆ ತಿಂದಿದ್ದಳು. ದೊಡ್ಡ ಡಾಕ್ಟರು ಅವಳ ಗಂಟಲು ನೋಡಲು ಬಾಯಿ ತೆರೆಯುವುದನ್ನು ಕಾಯಬೇಕಾಗಲಿಲ್ಲ, ಅದು ತೆರೆದೇ ಇತ್ತು. ನಕ್ಕು ಕಳಿಸಿದರು.

ಆ ಕಾಯಿ ನಿಜವಾಗಿ ಆಗಿತ್ತೋ ಇಲ್ಲವೋ ಅನ್ನುವುದು ನಮ್ಮ ಮನೆಯಲ್ಲಿ ಇವತ್ತಿಗೂ ಬಗೆಹರಿಯದ ಪ್ರಶ್ನೆ. ಆಗಿತ್ತು ಅಂತ ಅವ್ವ ಈಗ ಸಾಧಿಸುತ್ತಾಳೆ. ಜೀವಮಾನದಲ್ಲಿ ಒಂದೇ ಒಂದು ಸಲ, ಸೊಸೆಗಾಗಿ, ಕಾಯಿಯ ಮುಂದೆ ಸುಳ್ಳು ಹೇಳಿದೆ ಅಂತ ಒಪ್ಪಿಕೊಳ್ಳಲು ಅವಳಿಗೆ ನಾಚಿಕೆ ಅಂತ ನನ್ನ ಊಹೆ. ಒಡೆದು ನೋಡಿದ್ದರೆ ಗೊತ್ತಾಗುತ್ತಿತ್ತು. ಅದೊಂದನ್ನು ನಾವು ಒಡೆಯಲಿಲ್ಲ. ಪ್ರಜಾಪತಿಯ ಮೊದಲ ಮಾತು ಸರಿಯೋ ತಪ್ಪೋ ಅಂತ ಆ ನೀರು ವಿಚಾರಿಸಿತೇ? ಮಾತು ಬಂತಲ್ಲ ಅಂತ ಸಂತೋಷದಲ್ಲಿ ಗಟ್ಟಿಯಾಗಿ ಭೂಮಿಯಾಗಿರಬೇಕು.

ಕಾಯಿ ಈಗ ನನ್ನ ಓದುವ ಮೇಜಿನ ಮೇಲೆ, ಪುಸ್ತಕಗಳ ಪಕ್ಕದಲ್ಲಿದೆ. ಪುಟ್ಟಿ ಮಿಡ್ಲ್ ಸ್ಕೂಲಿಗೆ ಬಂದಿದ್ದಾಳೆ. ಹೋದ ವಾರ ಬಂದು, ಸೊಂಟದ ಮೇಲೆ ಕೈಯಿಟ್ಟುಕೊಂಡು, "ಅಪ್ಪಾ, ಇಷ್ಟು ವರ್ಷ ಆಯ್ತು, ಇದನ್ನ ಯಾವಾಗ ಒಡೆಯೋದು?" ಅಂದಳು. ನಾನು ಕೈಗೆತ್ತಿಕೊಂಡು, ಕಿವಿಯ ಹತ್ತಿರ ಹಿಡಿದು, ಅವ್ವನ ಹಾಗೆ ಕಣ್ಣು ಮುಚ್ಚಿ ಕುಲುಕಿದೆ. ಲೊಡಲೊಡಲೊಡ ಅಂತ ಅದು ಮಾಡಿದ ಗಲಾಟೆ ಅಡಿಗೆಮನೆಯವರೆಗೂ ಹೋಗಿ, ಅಲ್ಲಿ ಸರೋಜ ನಕ್ಕಿದ್ದು ಕೇಳಿಸಿತು. ಜಗಲಿಯಿಂದ ಅವ್ವ, "ಊರಿಗೆಲ್ಲಾ ಕೇಳಿಸ್ತಲ್ಲೋ!" ಎಂದು ಕೂಗಿದಳು.

ನಾನು ಕಾಯನ್ನು ಮೆಲ್ಲಗೆ ಅದರ ಜಾಗದಲ್ಲೇ ಇಟ್ಟು, "ಇನ್ನಾ ಆಗಿಲ್ಲ ಬುಡು" ಅಂದೆ.